ತೌಡಿಗೆ ಕೊಂಡ ಹೆಸರು

ನನ್ನ ಅಣ್ಣನ ಹೆಸರು ಫಕೀರಪ್ಪ. ಈಗ ಅದು ಅವನ ಹೆಸರಲ್ಲ. ಆದರೂ ಆ ವಾಕ್ಯವನ್ನು ‘ಆಗಿತ್ತು’ ಎಂದು ಮುಗಿಸಲು ನನಗೆ ಮನಸ್ಸಿಲ್ಲ. ಈ ಬರಹದಲ್ಲಿ ಬರುವವರಲ್ಲಿ ಹೆಸರು ಹಿಡಿದು ಕರೆಸಿಕೊಳ್ಳುವವನು ಅವನೊಬ್ಬನೇ. ಉಳಿದವರ ಹೆಸರು ಇಲ್ಲಿ ಬೇಕಿಲ್ಲ. ಅವರ ಹೆಸರುಗಳಿಗೆ ಏನೂ ಆಗಿಲ್ಲ, ಸುಖವಾಗಿವೆ.

ಫಕೀರ ಎಂಬುದು ಅರಬ್ಬಿಯಿಂದ ಬಂದ ಮಾತು. ಇಲ್ಲದವನು, ಬಡವ, ದೇವರ ಎದುರು ಬರಿಗೈಯಲ್ಲಿ ನಿಂತವನು ಎಂದು ಅರ್ಥ. ಎಷ್ಟೋ ಬಾಯಿಗಳನ್ನು ದಾಟಿ ಅದು ಯಲ್ಲದಕೆರೆ ಹತ್ತಿರದ ನಮ್ಮ ಕುರುಬರ ಹಟ್ಟಿಗೆ ಬಂದಾಗ ನಮ್ಮವರು ಅದರ ಕುಲ ಗೋತ್ರ ಕೇಳಲಿಲ್ಲ. ಹಿಂದೆ ಒಂದು ‘ಅಪ್ಪ’ ಸೇರಿಸಿ ಒಳಗೆ ಕರೆದುಕೊಂಡರು. ಕಲ್ಲಿಗೂ ಅಪ್ಪ ಸೇರಿಸಿದವರು ಅವರು, ಗುಂಡಿಗೂ ಸೇರಿಸಿದವರು. ಫಕೀರನೇನು ಭಾರವೇ?

ಇಂಥ ಹೆಸರುಗಳ ಹಿಂದೆ ಒಂದು ಸಿದ್ಧಾಂತವಿದೆ: ಸಾವಿಗೆ ಹೊಟ್ಟೆಕಿಚ್ಚು ಜಾಸ್ತಿ, ಬುದ್ಧಿ ಕಡಿಮೆ. ಚೆಂದದ ಹೆಸರಿಟ್ಟರೆ ಅದಕ್ಕೆ ಆಸೆಯಾಗುತ್ತದೆ. ಕಲ್ಲು, ತಿಪ್ಪೆ, ತಿರುಕ ಎಂದು ಕರೆದರೆ ಮೂಗು ಮುರಿದುಕೊಂಡು ಮುಂದಿನ ಮನೆಗೆ ಹೋಗುತ್ತದೆ. ನಮ್ಮ ಜಿಲ್ಲೆಯ ಯಾವ ಬಸ್‌ಸ್ಟ್ಯಾಂಡಿನಲ್ಲಾದರೂ ನಿಂತು ‘ತಿಪ್ಪೇಸ್ವಾಮಿ’ ಎಂದು ಕೂಗಿ ನೋಡಿ, ಟೀ ಅಂಗಡಿಯಿಂದ ಡ್ರೈವರ್ ಸೀಟಿನವರೆಗೆ ತಲೆಗಳು ತಿರುಗುತ್ತವೆ. ಕೆಲವು ಆ ಹೆಸರಿನ ಸ್ವಾಮಿಗೆ ಹೊತ್ತ ಹರಕೆಯ ತಲೆಗಳು. ಕೆಲವು, ಹುಟ್ಟಿದ ಕೂಡಲೇ ತಿಪ್ಪೆಯ ಮೇಲೆ ಮಲಗಿಸಿ ಎತ್ತಿಕೊಂಡ ತಲೆಗಳು. ಎರಡಕ್ಕೂ ಕಾರಣ ಒಂದೇ, ಬದುಕಿಕೊಳ್ಳಲಿ ಅಂತ.

ನಾನು ಇದನ್ನು ಮೂಢನಂಬಿಕೆ ಎಂದೇ ಕರೆಯುತ್ತಾ ಬಂದಿದ್ದೇನೆ. ಈಗಲೂ ಕರೆಯುತ್ತೇನೆ. ಚಿತ್ರದುರ್ಗದಲ್ಲಿ ಕಾಲೇಜು ಓದುವಾಗ ಚರ್ಚಾಸ್ಪರ್ಧೆಗಳಲ್ಲಿ ಇದರ ವಿರುದ್ಧ ಮಾತಾಡಿ ಗೆದ್ದ ಕಪ್ಪುಗಳು ಮನೆಯಲ್ಲಿವೆ. ಅವುಗಳಲ್ಲಿ ಅಮ್ಮ ಗುಂಡಿ, ಪಿನ್ನು, ಪಂಪ್‌ಸೆಟ್ಟಿನ ನಟ್ಟು ಹಾಕಿಡುತ್ತಾಳೆ. ಕಾನೂನು ಓದಲು ಸೇರಿದ ಮೇಲೆ ಹಟ್ಟಿಯವರು ನನ್ನನ್ನು ವಕೀಲಮ್ಮ ಅನ್ನುತ್ತಾರೆ. ಅದು ಹೊಗಳಿಕೆಯಲ್ಲ.

ಅಣ್ಣನಿಗೆ ಆ ಹೆಸರು ಬಂದ ಕಥೆಯನ್ನು ಅಮ್ಮ ಒಂದೇ ರೀತಿ ಹೇಳುತ್ತಾಳೆ. ಅವಳ ಮೊದಲ ಎರಡು ಕೂಸು ಉಳಿಯಲಿಲ್ಲ. ಹರಕೆ ಹೊತ್ತು ಹಾಲುರಾಮೇಶ್ವರಕ್ಕೆ ಹೋಗಿ ಬಂದಳು, ಆಸ್ಪತ್ರೆಗೆ ಹೋಗಿ ಬಂದಳು. ಮೂರನೆಯದಾಗಿ ಅಣ್ಣ ಹುಟ್ಟಿದ. ಅದೇ ವಾರ ಹಿರಿಯೂರಿನ ಕಲಾಯಿ ಸಾಬರು ಕುದುರೆ ಗಾಡಿ ಕಟ್ಟಿಕೊಂಡು ಹಟ್ಟಿಗೆ ಬಂದರು. ವರ್ಷಕ್ಕೊಮ್ಮೆ ಬಂದು ಬೇವಿನ ಮರದ ಕೆಳಗೆ ತಿದಿ ಹೂಡಿ, ಹಟ್ಟಿಯ ಹಿತ್ತಾಳೆ ಪಾತ್ರೆಗಳಿಗೆಲ್ಲ ತವರ ಬಳಿದು ಕೊಡುವವರು ಅವರು. ಆ ಸಲ ಹೆಂಡತಿಯೂ ಜೊತೆಗಿದ್ದಳು. ಅಮ್ಮ ಕೂಸನ್ನು ಮೊರದಲ್ಲಿ ಮಲಗಿಸಿಕೊಂಡು ಹೋಗಿ ಆಕೆಯ ಮುಂದೆ ನಿಂತಳು.

“ಇದನ್ನ ಕೊಂಡ್ಕಳವ್ವ. ನನ್ ಹತ್ರ ಉಳಿಯಲ್ಲ.”

ಆಕೆ ಕೂಸನ್ನು ನೋಡಿದಳು, ಅಮ್ಮನನ್ನು ನೋಡಿದಳು. ಕುದುರೆಗೆಂದು ಇಟ್ಟಿದ್ದ ತೌಡಿನ ಚೀಲ ಬಿಚ್ಚಿ ತನ್ನ ಮೊರದಲ್ಲಿ ಒಂದು ಮೊರ ಅಳೆದು ಅಮ್ಮನ ಮಡಿಲಿಗೆ ಸುರಿದಳು. ಕೂಸನ್ನು ಎತ್ತಿಕೊಂಡಳು. ಸ್ವಲ್ಪ ಹೊತ್ತು ತನ್ನದೇ ಎಂಬಂತೆ ಆಡಿಸಿ, ಕಿವಿಯಲ್ಲಿ ಹೆಸರು ಹೇಳಿ, ವಾಪಸ್ ಕೊಟ್ಟಳು. “ನನ್ ಮಗ ಇವ್ನು. ಸಾಕಾಕೆ ನಿಂಗೆ ಕೊಡ್ತಾ ಇದೀನಿ. ಚೆನ್ನಾಗ್ ಸಾಕು.”

ಹೀಗೆ ಅಮ್ಮ ಹೆತ್ತ ಮಗನಿಗೆ ಸಾಕುತಾಯಿಯಾದಳು. ಅಣ್ಣ ಬದುಕಿದ. ಎರಡು ವರ್ಷದ ಮೇಲೆ ನಾನು ಹುಟ್ಟಿದೆ, ನನ್ನನ್ನು ಯಾರಿಗೂ ಮಾರಲಿಲ್ಲ, ನಾನೂ ಬದುಕಿದೆ. “ಹಂಗಾದ್ರೆ ತೌಡಿಗೂ ಬದುಕಿಗೂ ಸಂಬಂಧ ಇಲ್ಲ ಅಂತಾಯ್ತು” ಎಂದು ಹೈಸ್ಕೂಲಿನಲ್ಲಿದ್ದಾಗ ಅಮ್ಮನಿಗೆ ಹೇಳಿದೆ. ಅಮ್ಮ ರೊಟ್ಟಿ ತಟ್ಟುವುದನ್ನು ನಿಲ್ಲಿಸಲಿಲ್ಲ. “ಅವ್ನು ದಾರಿ ಮಾಡ್ದ, ನೀನು ನಡ್ಕಂಡ್ ಬಂದೆ” ಅಂದಳು. ಇಂಥ ವಾದಕ್ಕೆ ಯಾವ ಕಾಲೇಜಿನಲ್ಲೂ ಉತ್ತರ ಕಲಿಸುವುದಿಲ್ಲ.

ಕೊಂಡವಳನ್ನು ನಾವು ಹಿರಿಯೂರಮ್ಮ ಎನ್ನುತ್ತಿದ್ದೆವು. ಬಾಬಯ್ಯನ ಹಬ್ಬ ಬಂತೆಂದರೆ, ಅಂದರೆ ಮೊಹರಂ, ಅಮ್ಮ ಒಂದು ಪೊಟ್ಟಣ ಸಕ್ಕರೆ ಕಟ್ಟಿ ಅಣ್ಣನ ಕೈಗೆ ಕೊಡುತ್ತಿದ್ದಳು. ಅಪ್ಪ ನಮ್ಮಿಬ್ಬರನ್ನೂ ಬಸ್ಸಿನಲ್ಲಿ ಹಿರಿಯೂರಿಗೆ ಕರೆದುಕೊಂಡು ಹೋಗುತ್ತಿದ್ದ. ಹಿರಿಯೂರಮ್ಮ ಸಕ್ಕರೆಯನ್ನು ಲೋಹದ ಹಸ್ತದಂಥ ಪಂಜಾದ ಮುಂದೆ ಇಡಿಸಿ, ಅದನ್ನು ನೋಡಿಕೊಳ್ಳುವ ಮುಜಾವರನಿಂದ ಫಾತಿಹಾ ಓದಿಸಿ ಕೊಡುತ್ತಿದ್ದಳು. ಅಣ್ಣನ ಕೊರಳಿಗೆ ಕೆಂಪು ಹಸಿರು ದಾರ, ಮೈಗೆ ಹೊಸ ಅಂಗಿ. ನನಗೆ ತಿನ್ನಲು ಬೆಲ್ಲದ ಚೊಂಗೆ ಮಾತ್ರ.

“ನಂಗ್ಯಾಕೆ ದಾರ ಇಲ್ಲ?” ಎಂದು ನಾನು ಜಗಳ ತೆಗೆದರೆ ಹಿರಿಯೂರಮ್ಮ ನಗುತ್ತಿದ್ದಳು. “ನೀನು ನಿಮ್ಮಮ್ಮನ ಮಾಲು. ನಿನ್ನನ್ನ ಯಾರ್ ಕೊಳ್ತಾರೆ, ಬಾಯಿ ನೋಡು!”

ಊರಿಗೆ ಬಂದ ಮೇಲೆ ಅಮ್ಮ ಓದಿಸಿದ ಸಕ್ಕರೆಯನ್ನು ಬೇರೆ ಡಬ್ಬಿಯಲ್ಲಿಟ್ಟು ಹಟ್ಟಿಗೆಲ್ಲ ಚಿಟಿಕೆ ಚಿಟಿಕೆ ಹಂಚುತ್ತಿದ್ದಳು. ನಾನು ಎರಡೂ ಡಬ್ಬಿಯಿಂದ ಒಂದೊಂದು ಚಿಟಿಕೆ ನಾಲಿಗೆಗೆ ಹಾಕಿಕೊಂಡು, “ಓದಿಸಿದ್ರೂ ಸಕ್ರೆ, ಓದಿಸ್ದೆ ಇದ್ರೂ ಸಕ್ರೆ. ಏನು ವ್ಯತ್ಯಾಸ ಹೇಳು ನೋಡಾಣ?” ಎನ್ನುತ್ತಿದ್ದೆ. ಅಮ್ಮ ಹೇಳಲಿಲ್ಲ. ನಾನು ಗೆದ್ದೆ ಅಂದುಕೊಂಡೆ.

ಅಣ್ಣ ಓದಿನಲ್ಲಿ ನಿಲ್ಲಲಿಲ್ಲ. ಗೂಡ್ಸ್ ಗಾಡಿ ತಗೊಂಡು ಕುರಿ, ಈರುಳ್ಳಿ, ತೆಂಗಿನಕಾಯಿ, ಏನು ಸಿಕ್ಕರೂ ತುಂಬಿಕೊಂಡು ಹೊಸದುರ್ಗ, ಹೊಳಲ್ಕೆರೆ, ದುರ್ಗ ಎಂದು ಓಡಾಡುತ್ತಾನೆ. ಮುಂದಿನ ಗಾಜಿನ ಮೇಲೆ ದೊಡ್ಡದಾಗಿ ‘ಫಕೀರ’ ಎಂದು ಹಳದಿ ಸ್ಟಿಕ್ಕರ್ ಅಂಟಿಸಿಕೊಂಡಿದ್ದ. ಸಂತೆಗಳಲ್ಲಿ ಅವನನ್ನು ಗಾಡಿಯಿಂದಲೇ ಗುರುತಿಸುತ್ತಿದ್ದರು. ಏನೂ ಇಲ್ಲದವನು ಎಂದು ಹಣೆಯ ಮೇಲೆ ಬರೆದುಕೊಂಡು ತಿರುಗುತ್ತೀಯಲ್ಲ ಎಂದು ನಾನು ಛೇಡಿಸಿದರೆ, “ಲೇ, ಅದಕ್ಕೇ ಪೊಲೀಸ್ರು ಹಿಡಿಯಲ್ಲ” ಎನ್ನುತ್ತಿದ್ದ.

ಅವನಿಗೆ ಒಂದು ಹೆಣ್ಣು ಗೊತ್ತಾಯಿತು. ಹೊಳಲ್ಕೆರೆ ಸೀಮೆ, ಹೊರಕೆರೆದೇವಪುರದ ಹತ್ತಿರದ ಊರು, ನಮ್ಮದೇ ಜನ. ಹುಡುಗ ಹುಡುಗಿ ಒಪ್ಪಿಕೊಂಡು ಫೋನಿನಲ್ಲಿ ಮಾತಾಡಲು ಶುರು ಮಾಡಿ ತಿಂಗಳುಗಳೇ ಆಗಿದ್ದವು. ಕಾರ್ಡು ಅಚ್ಚು ಹಾಕಿಸುವ ಮಾತಿಗೆಂದು ನಮ್ಮನ್ನು ಕರೆಸಿದರು. ಉಪ್ಪಿಟ್ಟು ತಿಂದಾದ ಮೇಲೆ ಹುಡುಗಿಯ ಸೋದರಮಾವ ಟವೆಲಿನಲ್ಲಿ ಬಾಯಿ ಒರೆಸಿಕೊಂಡು ಅಪ್ಪನ ಕಡೆ ತಿರುಗಿದರು.

“ಎಲ್ಲಾ ಒಪ್ಗೆ ಐತೆ ಕಣ್ರಿ. ಹುಡ್ಗ ಬಂಗಾರದಂಥವ್ನು. ಗಾಡಿ ಐತೆ, ಕುರಿ ಅವೆ. ಆ ಹೆಸ್ರು ಒಂದ್ ಬಿಟ್ರೆ...”

“ಹೆಸ್ರಿಗೇನಾಗೈತೆ?” ಅಪ್ಪನಿಗೆ ನಿಜಕ್ಕೂ ಅರ್ಥವಾಗಿರಲಿಲ್ಲ.

“ಏನೂ ಆಗಿಲ್ಲಪ್ಪ. ಮೊದ್ಲು ನಮ್ಮಲ್ಲೂ ಇಡ್ತಿದ್ರು. ನಮ್ ದೊಡ್ಡಜ್ಜನ ಹೆಸ್ರೇ ಹುಸೇನಪ್ಪ. ಈಗಿನ ಕಾಲ ನಿಮಗೂ ಗೊತ್ತಲ್ಲ. ಕಾರ್ಡ್ ಫೋಟೋ ತೆಗ್ದು ಗ್ರೂಪಿಗೆ ಬಿಡ್ತಾರೆ. ಯಾರಿಗ್ರಿ ಕೊಟ್ರಿ ಹುಡ್ಗೀನ ಅಂತ ಊರೆಲ್ಲಾ ಕೇಳಿದ್ರೆ ಉತ್ರ ಹೇಳಬೇಕಾದೋನು ನಾನು.”

ನಾನು ಸುಮ್ಮನಿರಬೇಕೆಂದು ಅಣ್ಣ ಬರುವಾಗ ಗಾಡಿಯಲ್ಲೇ ಕೈಮುಗಿದು ಕೇಳಿಕೊಂಡಿದ್ದ. ಆದರೆ ಸೋದರಮಾವನ ಹೆಸರು ನನಗೆ ಗೊತ್ತಿತ್ತು, ಅದು ತಿಪ್ಪೆಯಿಂದಲೇ ಶುರುವಾಗುತ್ತಿತ್ತು.

“ಮಾವ, ನಿಮ್ಮ ಹೆಸ್ರಲ್ಲಿ ತಿಪ್ಪೆ ಐತಲ್ಲ, ಅದಕ್ಕೆ ಇದುವರೆಗೆ ಯಾರೂ ಉತ್ತರ ಕೇಳಿಲ್ವಾ?”

ಬಾಗಿಲ ಹಿಂದೆ ಹೆಂಗಸರು ಕಿಸಕ್ಕೆಂದರು. ಸೋದರಮಾವ ಸಿಟ್ಟಾಗಲಿಲ್ಲ. ತೊಡೆ ತಟ್ಟಿ ಎಲ್ಲರಿಗಿಂತ ಜೋರಾಗಿ ನಕ್ಕರು.

“ತಿಪ್ಪೆ ನಮ್ದೇ ಅಲ್ವೇನಮ್ಮ!”

ಮನೆಯೆಲ್ಲ ನಕ್ಕಿತು. ನಮ್ಮಪ್ಪನೂ ನಕ್ಕ. ನಾನು ಎಷ್ಟೋ ವೇದಿಕೆಗಳಲ್ಲಿ ಸೋತಿದ್ದೇನೆ, ಅಷ್ಟು ಚಿಕ್ಕ ವಾಕ್ಯಕ್ಕೆ ಸೋತದ್ದಿಲ್ಲ. ಕಸದ ಗುಡ್ಡೆಯಾದರೂ ಸರಿ, ನಮ್ಮದಾಗಿದ್ದರೆ ಸಾಕು; ಮನುಷ್ಯನಾದರೂ ಸರಿ, ಅವರ ಕಡೆಯಿಂದ ಬಂದಿದ್ದರೆ ಬೇಡ. ಇದನ್ನು ಅವರು ಯಾರ ಮೇಲೂ ದ್ವೇಷವಿಲ್ಲದೆ, ಹೊಟ್ಟೆ ತುಂಬ ಉಪ್ಪಿಟ್ಟು ತಿಂದು, ಒಳ್ಳೆಯ ಮನಸ್ಸಿನಿಂದ ಹೇಳಿದರು. ಹೊಸ ಹೆಸರನ್ನೂ ಅವರೇ ತರಿಸಿಟ್ಟಿದ್ದರು. ಸಹಿ ಕೆಡದಿರಲೆಂದು ‘ಫ’ ಅಕ್ಷರದಿಂದಲೇ ಶುರುವಾಗುವ ದೇವರ ಹೆಸರು. ಚೆನ್ನಾಗಿಯೇ ಇತ್ತು. ನಾನು ಅದನ್ನಿಲ್ಲಿ ಬರೆಯುವುದಿಲ್ಲ.

ಮನೆಗೆ ಬಂದ ಮೇಲೆ ನಾನು ಶುರು ಮಾಡಿದೆ. ಒಬ್ಬರ ಭಯಕ್ಕೆ ಇನ್ನೊಬ್ಬರು ಹೆಸರು ಬಿಡುವುದು ಸಂಬಂಧವಲ್ಲ, ಶರಣಾಗತಿ ಎಂದೆ. ಅಪ್ಪ ಕಂಬಳಿ ಕೊಡವುತ್ತಾ ಕೇಳಿಸಿಕೊಂಡ.

“ನೀನೇ ಅಲ್ವೇನಮ್ಮ, ಕೂಸು ಮಾರೋದು, ಹೆಸ್ರಿಡೋದು ಎಲ್ಲಾ ಮೂಢನಂಬ್ಕೆ ಅಂತ ಮೈಕ್ ಹಿಡ್ಕಂಡು ಹೇಳ್ತಿದ್ದೋಳು? ಈಗ ಆ ಹೆಸ್ರು ಬಿಡ್ತೀವಿ ಅಂದ್ರೆ ನಿಂಗ್ಯಾಕೆ ಸಿಟ್ಟು?”

“ಬಿಡೋ ಕಾರಣ ಬೇರೆ ಅಪ್ಪ.”

“ಕಾರಣ ಕಾರ್ಡಿನಾಗೆ ಅಚ್ಚು ಹಾಕಲ್ಲ.”

ಅಣ್ಣ ಹೊರಗೆ ಗಾಡಿಯ ಮೇಲೆ ಕೂತಿದ್ದ. ನಾನು ಹೋಗಿ ಪಕ್ಕದಲ್ಲಿ ಕೂತೆ.

“ನಂಗೆ ಆ ಹುಡ್ಗಿ ಬೇಕು ಕಣೆ” ಅಂದ. “ಹೆಸ್ರೂ ಬೇಕು. ಎರಡೂ ಬೇಕು ಅಂದ್ರೆ ನಿನ್ ಡಿಬೇಟಿನಾಗೆ ಏನ್ ಮಾಡ್ತಾರೆ?”

“ಯಾವ್ದಾದ್ರೂ ಒಂದು ಪಕ್ಷ ಹಿಡೀಬೇಕು.”

“ಹಂಗಾದ್ರೆ ಅದು ಕೆಟ್ಟ ಆಟ” ಅಂದ.

ಅವನು ಹುಡುಗಿಯ ಪಕ್ಷ ಹಿಡಿದ. ಅದಕ್ಕೆ ನಾನು ಅವನನ್ನು ದೂರುವುದಿಲ್ಲ. ಹೆಸರಿನ ಜೊತೆ ಯಾರೂ ಸಂಸಾರ ಮಾಡುವುದಿಲ್ಲ. ಆದರೆ ಒಪ್ಪಿಕೊಂಡ ಮೇಲೂ ಅದು ಅಷ್ಟು ಸುಲಭಕ್ಕೆ ಮುಗಿಯುವ ಮಾತಾಗಿರಲಿಲ್ಲ, ಏಕೆಂದರೆ ಅಲ್ಲಿಯವರೆಗೆ ಬಾಯಿ ಬಿಡದಿದ್ದ ಅಮ್ಮ ಆಗ ಬಾಯಿ ಬಿಟ್ಟಳು.

“ಬದ್ಲಾಯ್ಸಾಕೆ ಅದೇನು ನಮ್ ಹೆಸ್ರಾ? ಕೊಂಡೋಳು ಇಟ್ಟಿದ್ದು. ಕೊಂಡೋಳೇ ಬಿಟ್ಕೊಡ್ಬೇಕು. ಹಂಗೇ ಬದ್ಲಾಯ್ಸಿ ನನ್ ಮಗನಿಗೆ ಏನಾರ ಆದ್ರೆ?”

ಮೂವತ್ತು ದಾಟಿದ, ಮೀಸೆ ಹೊತ್ತ ಮಗ. ಸಾವು ಇನ್ನೂ ಅವನ ವಿಳಾಸ ಹುಡುಕುತ್ತಿದೆ ಎಂದು ಅವಳ ಲೆಕ್ಕ. ಬಿಡಿಸಿಕೊಳ್ಳುವ ಕ್ರಮವನ್ನೂ ಅವಳೇ ಹೇಳಿದಳು. ಅಂದು ಪಡೆದ ತೌಡನ್ನು ವಾಪಸ್ ಅಳೆದು ಕೊಡಬೇಕು. ಕೊಂಡವಳು ಮಗನನ್ನು ಬಿಟ್ಟುಕೊಡಬೇಕು. ಬಿಟ್ಟುಕೊಟ್ಟ ಮೇಲೆ ಹೋಗುವವನ ಬೆನ್ನ ಹಿಂದೆ ಹಳೆಯ ಹೆಸರಿನಿಂದ ಮೂರು ಸಲ ಕೂಗುತ್ತಾಳೆ. ಓ ಅನ್ನಬಾರದು, ತಿರುಗಬಾರದು. ತಿರುಗಿದರೆ ಮತ್ತೆ ಅವಳ ಮಗನೇ.

“ನೀನೂ ಬಾ ಮತ್ತೆ” ಅಂದ ಅಪ್ಪ.

“ಮಾರಿದ್ದು ನಾನು. ಬಿಡಿಸ್ಕಂಡ್ ಬರಾಕೆ ನಾನು ಬರಲ್ಲ.”

ಅಪ್ಪ, ಅಣ್ಣ, ನಾನು ಹೊರಟೆವು. ಅಪ್ಪ ಮಿಲ್ಲಿನಿಂದ ಒಂದು ಇಡೀ ಮೂಟೆ ತೌಡು ತಂದು ಗಾಡಿಗೆ ಹಾಕಿಸಿದ್ದ. ಒಂದು ಮೊರ ತೌಡು ಹಿಡಿದುಕೊಂಡು ಹೋಗಲು ಅವನಿಗೆ ನಾಚಿಕೆಯಾಗಿತ್ತು. ಹೆಚ್ಚು ಕೊಟ್ಟರೆ ನಾಚಿಕೆ ಕಡಿಮೆಯಾಗುತ್ತದೆ ಎಂದು ಭಾವಿಸುವ ಜಾತಿಯವನು ನಮ್ಮಪ್ಪ.

ಹಿರಿಯೂರಿನ ಪೇಟೆಯ ಹಿಂದಿನ ಓಣಿ. ಕಲಾಯಿ ಸಾಬರು ತೀರಿಕೊಂಡು ಬಹಳ ಕಾಲವಾಗಿದೆ. ಈಗ ಹಿತ್ತಾಳೆಯೂ ಇಲ್ಲ, ಕಲಾಯಿಯೂ ಇಲ್ಲ. ಮೊಮ್ಮಗ ಅದೇ ಜಾಗದಲ್ಲಿ ಗ್ರಿಲ್ ವೆಲ್ಡಿಂಗ್ ಅಂಗಡಿ ಇಟ್ಟಿದ್ದಾನೆ. ಅಣ್ಣನ ವಾರಿಗೆಯವನು, ಹಬ್ಬದಲ್ಲಿ ಜೊತೆಗೆ ಗಾಳಿಪಟ ಹಾರಿಸಿದವನು. ಮೂಟೆ ಹೊತ್ತ ಅಣ್ಣನನ್ನು ನೋಡಿದ ಕೂಡಲೇ ಕಣ್ಣಿನ ಕನ್ನಡಕ ಮೇಲೆತ್ತಿ ನಕ್ಕ.

“ಬರ್ರಿ ಮಾವ, ಕುಂತ್ಕಳ್ರಿ. ಏನ್ ಫಕೀರಾ, ಹಬ್ಬ ಇನ್ನೂ ದೂರ ಐತಲ್ಲೋ! ಇದೇನು ಮೂಟೆ? ನಮ್ಮನೇಲಿ ಎಮ್ಮೆ ಎಲ್ಲೈತೆ?”

ಅಪ್ಪ ತಡವರಿಸುತ್ತಾ ವಿಷಯ ಹೇಳಿದ. ಹುಡುಗಿ ಕಡೆಯವರು, ಈಗಿನ ಕಾಲ, ಕಾರ್ಡು, ಗ್ರೂಪು. ಮೊಮ್ಮಗನ ನಗು ಹೋಯಿತು. ಒಂದು ಕ್ಷಣ ಅವನ ಮುಖ ನೋಡಲಾರದೆ ನಾನು ಅಂಗಡಿಯಲ್ಲಿ ಒರಗಿಸಿದ್ದ ಗೇಟಿನ ಕಬ್ಬಿಣದ ಬಳ್ಳಿಗಳನ್ನು ನೋಡಿದೆ. ಅವನು ಕೈಗವಸು ಕಳಚಿ ಪಕ್ಕಕ್ಕಿಟ್ಟ.

“ಒಳ್ಳೇದೇ ಆಯ್ತು ಬಿಡ್ರಿ ಮಾವ” ಅಂದ. “ನಮ್ ಕಡೆನೂ ಇದೆಲ್ಲ ಬೇಡ ಅಂತಾರೆ. ದಾರ ಕಟ್ಟೋದು, ಕೂಸು ಕೊಳ್ಳೋದು, ಇವೆಲ್ಲ ನಮ್ ಧರ್ಮದಲ್ಲಿ, ದೀನ್‌ನಲ್ಲಿ ಇಲ್ಲ ಅಂತ. ಅಜ್ಜಿಗೆ ಹೇಳಿ ಹೇಳಿ ನಂಗೂ ಸಾಕಾಗಿತ್ತು.”

ಅಲ್ಲಿಗೆ ಲೆಕ್ಕ ಸರಿಯಾಯಿತು. ಹೆಸರು ಅವರದು, ಬೇಡ ಎಂದಿದ್ದರು ಸೋದರಮಾವ. ಆಚಾರ ನಮ್ಮದಲ್ಲ, ಬೇಡ ಎಂದ ಮೊಮ್ಮಗ. ಎರಡೂ ಮೌಢ್ಯ, ಬೇಡ ಎಂದು ನಾನು ಬಾಲ್ಯದಿಂದ ಹೇಳುತ್ತಿದ್ದೆ. ಮೂರು ಕಾರಣ, ಒಂದೇ ತೀರ್ಮಾನ. ಸಭೆಯಲ್ಲಾದರೆ ಇದನ್ನು ಸರ್ವಾನುಮತ ಎನ್ನುತ್ತಾರೆ, ಚಪ್ಪಾಳೆ ತಟ್ಟುತ್ತಾರೆ. ನಾನು ಇಷ್ಟು ವರ್ಷ ವಾದಿಸಿಯೂ ಸಿಗದ ಗೆಲುವು ತಾನಾಗಿ ಬಂದು ಆ ವೆಲ್ಡಿಂಗ್ ಅಂಗಡಿಯಲ್ಲಿ ನಿಂತಿತ್ತು, ಮತ್ತು ಅದರ ಪಕ್ಕದಲ್ಲಿ ನಿಲ್ಲಲು ನನಗೆ ಅಸಹ್ಯವಾಯಿತು. ತರ್ಕ ಎಲ್ಲಿ ತಪ್ಪಿತು ಎಂದು ಇವತ್ತಿಗೂ ಹುಡುಕುತ್ತೇನೆ. ತರ್ಕ ತಪ್ಪಿಲ್ಲ. ಅದೇ ನನ್ನ ಕಷ್ಟ.

ಹಿರಿಯೂರಮ್ಮ ಗೋಡೆ ಹಿಡಿದುಕೊಂಡು ಒಳಗಿನಿಂದ ಬಂದಳು. ಮೂಟೆ ನೋಡಿದಳು. ಅವಳಿಗೆ ಯಾರೂ ಹೇಳಬೇಕಾಗಲಿಲ್ಲ.

“ಮದ್ವೆನಾ?”

“ಹೌದವ್ವ” ಎಂದು ಅಪ್ಪ ಶುರು ಮಾಡಿದ, “ಅದೇನಂದ್ರೆ...”

“ನೀನ್ ಸುಮ್ನಿರಪ್ಪ. ನಾನು ಕೊಂಡಿದ್ದು ನಿನ್ನನ್ನಲ್ಲ. ಅವ್ನು ಕೇಳ್ಲಿ.”

ಅಣ್ಣ ಕಿಟಕಿಯ ಪಕ್ಕದಲ್ಲಿ ನಿಂತಿದ್ದ. ಗಾಡಿಯ ಚಾವಿಯನ್ನು ಯಾವಾಗಿನಂತೆ ಕಿಟಕಿಯ ಕಟ್ಟೆಯ ಮೇಲಿಟ್ಟಿದ್ದ. ನೆಲ ನೋಡಿಕೊಂಡು, “ಬಿಟ್ಕೊಡಮ್ಮ” ಅಂದ.

“ಏನನ್ನ?”

“ಹೆಸ್ರು.”

“ಹುಡ್ಗಿ ಚೆನ್ನಾಗವ್ಳಾ?”

“ಹೂಂ.”

“ಅವ್ಳಿಗೆ ಬೇಡ್ವಂತಾ?”

“ಅವ್ಳೇನೂ ಅಂದಿಲ್ಲ. ಮನೆಯೋರು...”

“ಮನೆಯೋರು ಅಂದ್ಮೇಲೆ ಮುಗೀತು” ಅಂದಳು. “ಇಲ್ಲೂ ಮನೆಯೋರೇ ಅಲ್ವಾ.” ಮೊಮ್ಮಗ ಬೇರೆ ಕಡೆ ನೋಡಿದ.

ಅವಳು ಮೊರ ತರಿಸಿದಳು. ಅಪ್ಪ ಮೂಟೆಯನ್ನು ಪೂರ್ತಿ ಸುರಿಯಲು ಹೋದ. “ಇಷ್ಟ್ ತೌಡು ತಗಂಡು ನಾನೇನ್ ಮಾಡ್ಲಿ? ಒಂದ್ ಮೊರ ಕೊಟ್ಟಿದ್ದೆ, ಒಂದ್ ಮೊರ ಹಾಕು.” ತುಂಬಿದ ಮೊರದ ಮೇಲೆ ಅಂಗೈಯಾಡಿಸಿ ಮಟ್ಟ ಮಾಡಿದಳು, ಹೆಚ್ಚಾದದ್ದನ್ನು ಮೂಟೆಗೇ ತಿರುಗಿ ತಳ್ಳಿದಳು. ಆಮೇಲೆ ಅಣ್ಣನ ತಲೆ ಮುಟ್ಟಿದಳು. ಅವನು ಬಗ್ಗಬೇಕಾಯಿತು.

“ನನ್ ತೌಡು ನಂಗೆ ಬಂತು. ನಿಮ್ ಕೂಸು ನಿಮ್ಗೆ ಬಂತು. ಹೋಗ್ರಿ.” ಮೊರ ಪಕ್ಕಕ್ಕಿಟ್ಟು ಮತ್ತೆ ಅಂದಳು, “ಚಾ ಕುಡ್ದು ಹೋಗ್ರಿ ಅನ್ನಂಗಿಲ್ಲ ಈಗ.”

ನಾವು ಹೊರಟೆವು. ಓಣಿಯ ಬಾಯಲ್ಲಿ ಗಾಡಿ ನಿಂತಿತ್ತು. ಅರ್ಧ ಓಣಿ ದಾಟಿರಬೇಕು, ಹಿಂದಿನಿಂದ ಅವಳ ದನಿ ಬಂತು.

“ಫಕೀರಾ! ಲೇ ಫಕೀರಾ, ಚಾವಿ!”

ಅಣ್ಣನ ಕಾಲು ನಿಂತಿತು. ಅಪ್ಪ ಅವನ ಮೊಣಕೈ ಹಿಡಿದುಕೊಂಡ. “ತಿರುಗ್ಬೇಡ. ನಡಿ.”

“ಅಪ್ಪ, ಚಾವಿ ಬಿಟ್ಟೀನಿ.”

“ನಡಿ ಅಂದೆ.”

“ಫಕೀರಾ! ಚಾವಿ ಬಿಟ್ಟೋದೆ ನೋಡೋ!”

ಮನೆಗಳ ಬಾಗಿಲಲ್ಲಿ ಜನ ನಿಂತು ನೋಡುತ್ತಿದ್ದರು. ಮುದುಕಿ ಕೂಗುತ್ತಿದ್ದಾಳೆ, ಎದುರಿಗೇ ಹೋಗುತ್ತಿರುವ ಗಂಡಸು ಕಿವುಡನಂತೆ ನಡೆಯುತ್ತಿದ್ದಾನೆ. ಇನ್ನೊಮ್ಮೆ ಕೂಗಿದಳು, ಈ ಸಲ ಬರಿಯ ಹೆಸರು. ಅಣ್ಣ ಗಾಡಿಯ ಹತ್ತಿರ ಹೋಗಿ ಬಾಗಿಲ ಹಿಡಿಗೆ ಕೈ ಹಾಕಿ ನಿಂತ. ಚಾವಿ ಇಲ್ಲದ ಗಾಡಿ. ಅದರ ಗಾಜಿನ ಮೇಲೆ ಹಳದಿ ಅಕ್ಷರದಲ್ಲಿ ಅದೇ ಹೆಸರು. ಅಪ್ಪ ನನ್ನ ಮುಖ ನೋಡಿದ. ನನ್ನನ್ನು ಯಾರೂ ಕೊಂಡಿರಲಿಲ್ಲ, ನಾನು ತಿರುಗಬಹುದಿತ್ತು.

ವಾಪಸ್ ಹೋದೆ. ಹಿರಿಯೂರಮ್ಮ ಹೊಸ್ತಿಲ ಮೇಲೆ ಕೂತಿದ್ದಳು. ಸೆರಗಿನ ತುದಿಯ ಗಂಟು ಬಿಚ್ಚಿ ಚಾವಿ ತೆಗೆದಳು. ಕಿಟಕಿಯ ಮೇಲೆ ಬಿಟ್ಟ ಚಾವಿ ಸೆರಗಿಗೆ ಹೇಗೆ ಬಂತು ಎಂದು ನಾನು ನೋಡುವುದನ್ನು ಅವಳು ನೋಡಿದಳು.

“ಕರೀಬೇಕು ಅಂತ ಐತೆ” ಅಂದಳು. “ಸುಮ್ ಸುಮ್ನೆ ಹೆಂಗ್ ಕರೀಲಿ? ಬಾಯಿ ಬರ್ಲಿಲ್ಲ. ಅದಕ್ಕೆ ಎತ್ತಿಟ್ಕಂಡೆ.”

ಚಾವಿ ತೆಗೆದುಕೊಂಡೆ.

“ತಿರುಗ್ಲಿಲ್ಲ ಅಲ್ವಾ?”

“ಇಲ್ಲಮ್ಮ.”

“ಒಳ್ಳೇದಾಯ್ತು. ಅವ್ನಿಗೆ ಒಳ್ಳೇದಾಗುತ್ತೆ” ಎಂದು ಗೋಡೆ ಹಿಡಿದು ಎದ್ದಳು.

ಉಳಿದ ತೌಡು ನಮ್ಮ ಜೊತೆಗೇ ಊರಿಗೆ ಬಂತು. ಕುರಿಗಳು ತಿಂದವು. ಗಾಜಿನ ಸ್ಟಿಕ್ಕರನ್ನು ಅಣ್ಣನೇ ಬ್ಲೇಡಿನಿಂದ ಕೆರೆದ. ನಾನು ಬಿಸಿನೀರು ತಂದುಕೊಟ್ಟೆ, ಯಾಕೆಂದರೆ ಬರೀ ಬ್ಲೇಡಿಗೆ ಗಾಜು ಗೀರುತ್ತಿತ್ತು. ಹಿರಿಯೂರಿಗೆ ಕಾರ್ಡು ಕೊಡಬೇಕೋ ಬೇಡವೋ ಎಂಬ ಮಾತು ಒಮ್ಮೆ ಎದ್ದಿತು. “ಯಾವ ಹೆಸ್ರಿರೋ ಕಾರ್ಡು ಕೊಡ್ತೀಯ?” ಎಂದು ಅಣ್ಣ ಕೇಳಿದ. ಹಿರಿಯೂರಿಗೆ ಕಾರ್ಡು ಹೋಗಲಿಲ್ಲ.

ಮದುವೆ ಚೆನ್ನಾಗಿ ನಡೆಯಿತು. ಚೆನ್ನಾಗಿಯೇ ನಡೆಯಿತು, ಅದಕ್ಕೆ ಅನ್ನಬಾರದು. ಕಾರ್ಡಿನ ಫೋಟೋ ಗ್ರೂಪುಗಳಲ್ಲಿ ಹರಿದಾಡಿತು, ಯಾರೂ ಯಾರನ್ನೂ ಉತ್ತರ ಕೇಳಲಿಲ್ಲ. ಸೋದರಮಾವ ಪಂಕ್ತಿಯಲ್ಲಿ ನಿಂತು ನನ್ನ ಎಲೆಗೆ ತಾವೇ ಒಬ್ಬಟ್ಟು ಬಡಿಸಿ, “ತಿನ್ನು ವಕೀಲಮ್ಮ, ಬಾಯಿ ಸಿಹಿ ಮಾಡ್ಕ” ಅಂದರು. ಮದುಮಕ್ಕಳನ್ನು ಮನೆ ತುಂಬಿಸಿಕೊಳ್ಳುವಾಗ ಹೆಂಗಸರು ಹೊಸ್ತಿಲಿಗೆ ಅಡ್ಡ ನಿಂತು, ಗಂಡನ ಹೆಸರು ಹೇಳದೆ ಒಳಗೆ ಬಿಡೆವು ಎಂದರು. ಅತ್ತಿಗೆ ನಾಚಿಕೊಂಡು, ಯಾರೋ ಕಲಿಸಿದ ಪ್ರಾಸ ಕಟ್ಟಿ, ಹೊಸ ಹೆಸರು ಹೇಳಿದಳು. ಎಲ್ಲರೂ ಹೋ ಎಂದರು. ಆ ಹೆಸರು ಅವಳ ಬಾಯಲ್ಲಿ ಬಂದದ್ದು ಅದೊಂದೇ ಸಲ. ನಮ್ಮಲ್ಲಿ ಹೆಂಡತಿ ಗಂಡನ ಹೆಸರು ಹಿಡಿದು ಕರೆಯುವುದಿಲ್ಲ. ಅಂದಿನಿಂದ ಇಂದಿನವರೆಗೆ ಅವಳು ಅವನನ್ನು ಕರೆಯುವುದು ‘ರೀ’ ಎಂದು. ಯಾರ ಮದುವೆಗಾಗಿ ಹೆಸರು ಬದಲಾಯಿತೋ ಆಕೆಗೆ ಹೆಸರೇ ಬೇಕಾಗಿರಲಿಲ್ಲ. ಈ ಅಂಶವನ್ನು ಆ ದಿನ ಉಪ್ಪಿಟ್ಟಿನ ಮುಂದೆ ಎತ್ತಬೇಕಿತ್ತು ಎಂದು ನನಗೆ ಹೊಳೆದದ್ದು ಹೊಸ್ತಿಲಲ್ಲಿ. ಒಳ್ಳೆಯ ವಾದಗಳು ತೀರ್ಪಾದ ಮೇಲೆಯೇ ಬರುತ್ತವೆ.

ಬಾಬಯ್ಯನ ಹಬ್ಬ ಬಂತು. ಅಮ್ಮ ಬೆಳಿಗ್ಗೆಯೇ ಒಂದು ಪೊಟ್ಟಣ ಸಕ್ಕರೆ ಕಟ್ಟಿ, ಸೀರೆ ಬದಲಿಸಿ, ಯಾರಿಗೂ ಹೇಳದೆ ಬಸ್ಸು ಹತ್ತಿದಳು. ಬಿಡಿಸಿಕೊಳ್ಳಲು ಬರುವುದಿಲ್ಲ ಎಂದವಳು ಇದಕ್ಕೆ ಒಬ್ಬಳೇ ಹೋದಳು. ಮಧ್ಯಾಹ್ನ ಅದೇ ಪೊಟ್ಟಣದೊಂದಿಗೆ ವಾಪಸ್ ಬಂದಳು. ದಾರ ಬಿಚ್ಚಿರಲಿಲ್ಲ.

“ಓದ್ಸೋದು ಬಿಟ್ಟೀವಿ ಅಂದ ಮೊಮ್ಮಗ” ಎಂದಳು. “ಮರ್ಯಾದೆಯಿಂದನೇ ಅಂದ. ಕುಂತ್ಕಳ್ರಿ ಅಂದ, ನೀರು ಕೊಟ್ಟ.”

“ಹಿರಿಯೂರಮ್ಮ ಇರ್ಲಿಲ್ವಾ?”

“ಇದ್ಳು. ಹೆಂಗವ್ನೆ ಅಂದ್ಳು.”

“ಯಾರು?”

“ಯಾರು ಅಂತ ಅವ್ಳೂ ಅನ್ಲಿಲ್ಲ, ನಾನೂ ಕೇಳ್ಲಿಲ್ಲ. ಚೆನ್ನಾಗವ್ನೆ ಅಂದೆ.”

ಅವಳು ಒಳಗೆ ಹೋಗಿ ಪೊಟ್ಟಣ ಬಿಚ್ಚಿ ದಿನಬಳಕೆಯ ಸಕ್ಕರೆ ಡಬ್ಬಿಗೆ ಸುರಿಯತೊಡಗಿದಳು. ನನಗೆ ಯಾಕೋ ತಡೆಯಲಾಗಲಿಲ್ಲ.

“ಅಮ್ಮ, ಅದನ್ನ ಬೇರೆ ಇಡ್ಬಾರ್ದಾ?”

“ಯಾಕೆ? ಸಕ್ರೆ ಸಕ್ರೆನೇ ಅಂತಿದ್ದಲ್ಲ ನೀನು” ಎಂದು ಡಬ್ಬಿ ಕುಲುಕಿ ಮಟ್ಟ ಮಾಡಿ ಮುಚ್ಚಿದಳು. ಚುಚ್ಚಿ ಹೇಳಲಿಲ್ಲ. ಒಪ್ಪಿಕೊಂಡು ಹೇಳಿದಳು.

ಆ ಸಕ್ಕರೆಯಲ್ಲೇ ಸಂಜೆಯ ಚಹಾ ಆಯಿತು. ಅಣ್ಣ ಎರಡು ಗುಟುಕಿಗೆ ಕುಡಿದು, ಹೊಸದುರ್ಗಕ್ಕೆ ಲೋಡು ಇದೆ ಎಂದು ಎದ್ದ. ಊಟದ ಡಬ್ಬಿ ಕಟ್ಟೆಯ ಮೇಲೆಯೇ ಉಳಿದಿತ್ತು. ಅಮ್ಮ ಬಾಗಿಲಿಗೆ ಬಂದು ಕೂಗಿದಳು.

“ಫಕೀರಾ! ಡಬ್ಬಿ ಬಿಟ್ಟೆ!”

ಬಾಯಿ ತಪ್ಪಿ ಕೂಗಿದಳೋ, ಬೇಕೆಂದೇ ಕೂಗಿದಳೋ ನಾನು ಕೇಳಿಲ್ಲ. ಅಣ್ಣ ಅಂಗಳದ ನಡುವೆ ಇದ್ದ. ಅವನ ಬೆನ್ನು ಸ್ವಲ್ಪ ಬಿಗಿಯಾಯಿತು, ಅಷ್ಟೇ. ನಡೆಯುತ್ತಲೇ ಹೋದ. ಚೆನ್ನಾಗಿ ಕಲಿತಿದ್ದ.

ಅಡುಗೆಮನೆಯಿಂದ ಅತ್ತಿಗೆ ಓಡಿ ಬಂದು ಡಬ್ಬಿ ಎತ್ತಿಕೊಂಡಳು.

“ರೀ!” ಅಂದಳು.

ಅಣ್ಣ ತಿರುಗಿದ.